ಹುಟ್ಟಿದ ದಿನ ಹಂಚಿದ ಮೇಷ್ಟ್ರು

ಮೊನ್ನೆ ಪುಸ್ತಕದ ಕಪಾಟು ಒರೆಸುತ್ತಿದ್ದೆ. ಬೇಸಿಗೆ ಬಂದಾಗ ವರ್ಷಕ್ಕೊಮ್ಮೆ ಮಾಡುವ ಕೆಲಸ. ಮೇಲಿನ ಅರೆಯ ಮೂಲೆಯಲ್ಲಿ, ಮಕ್ಕಳ ಹಳೆಯ ಅಟ್ಲಾಸುಗಳ ಹಿಂದೆ, ನೀಲಿ ರಟ್ಟಿನ ದಪ್ಪ ಇಂಗ್ಲಿಷ್ ಪುಸ್ತಕವೊಂದು ಮಲಗಿತ್ತು. ಧೂಳು ಕೊಡವಿ ಸುಮ್ಮನೆ ತೆರೆದೆ, ಅಷ್ಟೇ... ಸೀನು ಬಂತು. ಒಂದಲ್ಲ, ಮೇಲಿಂದ ಮೇಲೆ. ಧೂಳಿನ ಸೀನಲ್ಲ ಅದು. ಹಾಳೆಗಳ ಸಂದಿಯಲ್ಲಿ ಇಷ್ಟು ವರ್ಷ ಅಡಗಿ ಕೂತಿದ್ದ ನಶ್ಯದ ಸೀನು. ನಿಂತಿದ್ದ ಸ್ಟೂಲಿನಿಂದ ಇಳಿದು ಅದರ ಮೇಲೇ ಕೂತುಬಿಟ್ಟೆ.

ನಮ್ಮ ಮನೆಯಲ್ಲಿ ನಶ್ಯ ಹಾಕುವವರು ಯಾರೂ ಇಲ್ಲ, ಯಾವತ್ತೂ ಇರಲಿಲ್ಲ. ಅದು ಎದುರು ಮನೆಯ ಮೇಷ್ಟ್ರ ನಶ್ಯ.

ಪುಸ್ತಕ ಮಾತ್ರ ನನ್ನದು. ಮೈಸೂರಿನ ಕಾನ್ವೆಂಟಿನಲ್ಲಿ ಓದುವಾಗ, ಅಕ್ಷರ ದುಂಡಾಗಿದೆ ಎಂದು ಸಿಸ್ಟರುಗಳು ಕೊಟ್ಟ ಬಹುಮಾನ. ವರ್ಷದ ಒಂದೊಂದು ದಿನಕ್ಕೂ ಒಂದೊಂದು ಹಾಳೆ. ಆ ತಾರೀಖಿನಂದು ಬೇರೆ ಬೇರೆ ಶತಮಾನಗಳಲ್ಲಿ, ಬೇರೆ ಬೇರೆ ದೇಶಗಳಲ್ಲಿ ಏನೇನಾಯಿತು ಎಂಬ ವಿವರ. ಯುದ್ಧ, ಪಟ್ಟಾಭಿಷೇಕ, ಹಡಗು ಮುಳುಗಿದ್ದು, ಔಷಧಿ ಕಂಡುಹಿಡಿದದ್ದು, ದೊಡ್ಡವರು ಹುಟ್ಟಿದ್ದು, ದೊಡ್ಡವರು ಹೋದದ್ದು. ಮದುವೆಯಾಗಿ ಕೆ.ಆರ್. ಪೇಟೆಗೆ ಬಂದಾಗ ಟ್ರಂಕಿನ ತಳದಲ್ಲಿ, ಸೀರೆಗಳ ಕೆಳಗೆ ಅದೂ ಬಂತು. ಅತ್ತೆ ಎತ್ತಿ ನೋಡಿದರು. ಓದಲು ಬಾರದಿದ್ದರೂ ತಾರೀಖಿನ ಅಂಕಿಗಳು ಅವರಿಗೆ ಗೊತ್ತಿದ್ದವು. ನಲ್ಲಿಯ ಹತ್ತಿರ ಸೇರಿದ್ದ ಹೆಂಗಸರಿಗೆಲ್ಲ ಹೇಳಿದರು: "ನಮ್ ಸೊಸೆ ಇಂಗ್ಲಿಷ್ ಪಂಚಾಂಗ ತಂದವ್ಳೆ ಕಣ್ರವ್ವ. ರಾಹುಕಾಲ ಎಲ್ಲೈತೋ ಕಾಣೆ, ಉಡುಕ್ತಾ ಇವ್ನಿ."

ಆ ಸುದ್ದಿ ಬೀದಿ ದಾಟುವುದಕ್ಕೆ ಎಷ್ಟು ಹೊತ್ತು ಬೇಕು? ಸಂಜೆ ಬಾಗಿಲಲ್ಲಿ ಮೇಷ್ಟ್ರು ನಿಂತಿದ್ದರು. ತೆಳ್ಳಗೆ ಎತ್ತರದ ಆಳು. ಬಿಳಿ ಶರಟು, ಕಂದು ಕಲೆಗಳ ಕರವಸ್ತ್ರ. ಚಪ್ಪಲಿಗಳನ್ನು ಜೋಡಿಸಿ, ಹೊರಡುವಾಗ ಸುಲಭವಾಗಲಿ ಎಂದು ತುದಿ ಬೀದಿಯ ಕಡೆಗೆ ತಿರುಗಿಸಿ ಬಿಟ್ಟಿದ್ದರು. ಪ್ರೈಮರಿ ಶಾಲೆಯ ಹೆಡ್‌ಮಾಸ್ಟರ್ ಆಗಿ ನಿವೃತ್ತರಾದವರು. ಹೆಂಡತಿ ತೀರಿಕೊಂಡಿದ್ದರು, ಮಕ್ಕಳಿರಲಿಲ್ಲ. ತಂಗಿಯ ಮನೆಯವರು ಪಕ್ಕದಲ್ಲೇ ಇದ್ದು ಊಟ ಕೊಡುತ್ತಿದ್ದರು.

"ಅಮ್ಮಣ್ಣಿ, ಇಂಗ್ಲಿಷ್ ಪಂಚಾಂಗ ಐತಂತಲ್ಲ ನಿಮ್ಮನೇಲಿ... ವಸಿ ನೋಡ್ಬೋದಾ?"

ನಾನು ತಂದುಕೊಟ್ಟೆ. ಕಣ್ಣಿನ ಹತ್ತಿರ ಹಿಡಿದು, ಎರಡು ಹಾಳೆ ಸರಿಸಿ, ಮಗುವಿನ ಕೈಗೆ ಮಿಠಾಯಿ ಡಬ್ಬಿ ಸಿಕ್ಕಿದ ಹಾಗೆ ನಕ್ಕರು. "ಅಯ್ಯೋ... ಇದು ಮೊದ್ಲೇ ಸಿಕ್ಕಿದ್ರೆ ನನ್ನ ಮಕ್ಕಳಿಗೆ ಇನ್ನೂ ಎಂತೆಂಥಾ ದಿನ ಕೊಡ್ತಿದ್ದೆ!"

ನನಗೆ ಅರ್ಥವಾಗಲಿಲ್ಲ. ಅವರು ಹೋದ ಮೇಲೆ ಅತ್ತೆ ರಾಗಿ ಕೇರುತ್ತಾ ಬಿಡಿಸಿ ಹೇಳಿದರು.

ಆ ಕಾಲದಲ್ಲಿ ಹಳ್ಳಿಗಳಲ್ಲಿ ಮಗು ಹುಟ್ಟಿದ ತಾರೀಖು ಬರೆದಿಡುತ್ತಿದ್ದವರು ಯಾರು? ಶಾಲೆಗೆ ಸೇರಿಸಲು ಬಂದ ತಾಯಿಯನ್ನು ಕೇಳಿದರೆ, ಭತ್ತ ಬಡಿಯೋ ಕಾಲ ಎನ್ನುತ್ತಿದ್ದಳು. ಕೆಂದ ಹಸು ಈದ ವರ್ಷ ಎನ್ನುತ್ತಿದ್ದಳು. ಮೇಷ್ಟ್ರುಗಳು ಕೈಗೆ ಬಂದ ತಾರೀಖು ಬರೆದುಕೊಳ್ಳುತ್ತಿದ್ದರು. ಶಾಲೆ ಶುರುವಾಗುವುದು ಜೂನಿನಲ್ಲಿ, ವಯಸ್ಸಿನ ಲೆಕ್ಕಕ್ಕೆ ಹೊಂದಬೇಕು, ಹಾಗಾಗಿ ಬಹಳ ಕಡೆ ಎಲ್ಲ ಮಕ್ಕಳೂ ಜೂನ್ ಒಂದರಂದೇ ಹುಟ್ಟಿದರು. ನಮ್ಮ ಕಡೆ ಇದು ಎಲ್ಲರಿಗೂ ಗೊತ್ತಿರುವ, ಯಾರೂ ಬಾಯಿ ಬಿಟ್ಟು ಹೇಳದ ಸಂಗತಿ.

ಎದುರು ಮನೆ ಮೇಷ್ಟ್ರು ಮಾತ್ರ ಹಾಗೆ ಮಾಡುತ್ತಿರಲಿಲ್ಲವಂತೆ. ತಾಯಿ ಹೇಳಿದ್ದನ್ನೆಲ್ಲ ಕೇಳಿ, ಮಗುವಿನ ಮುಖವನ್ನೊಮ್ಮೆ ನೋಡಿ, ತಮ್ಮಲ್ಲಿದ್ದ ಇತಿಹಾಸದ ಪುಸ್ತಕ ತೆಗೆದು ಒಂದು ದಿನ ಆರಿಸುತ್ತಿದ್ದರಂತೆ. ವಯಸ್ಸಿನ ಲೆಕ್ಕಕ್ಕಾಗಿ ಜೂನಿಗೆ ಮುಂಚಿನ ಬೇಸಿಗೆಯ ದಿನಗಳೇ, ಆದರೆ ಒಂದೊಂದು ಮಗುವಿಗೂ ಬೇರೆ ಬೇರೆ ದಿನ, ಬೇರೆ ಬೇರೆ ಸಂಗತಿ. ಮರ ಹತ್ತುವುದರಲ್ಲಿ ಗಟ್ಟಿಗನಾದ ಹುಡುಗನಿಗೆ ಮೇ ಇಪ್ಪತ್ತೊಂಬತ್ತು, ಮನುಷ್ಯ ಮೊದಲ ಬಾರಿ ಎವರೆಸ್ಟ್ ತುದಿ ಮುಟ್ಟಿದ ದಿನ. ಸೇರಿದ ದಿನವೇ ಸ್ಲೇಟಿನಿಂದ ಇನ್ನೊಬ್ಬನ ತಲೆಗೆ ಕುಟ್ಟಿದವನಿಗೆ ಮೇ ಹತ್ತು, ಮೀರತ್ತಿನಲ್ಲಿ ಸಿಪಾಯಿಗಳು ದಂಗೆ ಎದ್ದ ದಿನ. ಸದಾ ಮೇಲೆ ನೋಡುತ್ತಾ ಎಡವುತ್ತಿದ್ದ ಹುಡುಗಿಗೆ ಏಪ್ರಿಲ್ ಹನ್ನೆರಡು, ಮನುಷ್ಯ ಮೊದಲ ಸಲ ಆಕಾಶದಾಚೆ ಹಾರಿದ ದಿನ.

ಆ ಮಕ್ಕಳು ದೊಡ್ಡವರಾದ ಮೇಲೂ ತಮ್ಮ ದಿನ ಬಂದಾಗ ಮೇಷ್ಟ್ರನ್ನು ನೋಡಲು ಬರುತ್ತಿದ್ದರು. ಬರಿಗೈಯಲ್ಲಿ ಬರುವ ಪದ್ಧತಿ ನಮ್ಮ ಕಡೆ ಇಲ್ಲವಲ್ಲ, ಒಂದು ಚಿಪ್ಪು ಬಾಳೆಹಣ್ಣು. ಬೇಸಿಗೆಯ ತಿಂಗಳುಗಳಲ್ಲಿ ಮೇಷ್ಟ್ರ ಪಡಸಾಲೆಯ ಗೂಟದಲ್ಲಿ ಸದಾ ಬಾಳೆಹಣ್ಣು ತೂಗುತ್ತಿತ್ತು. ತಿಂದು ಮುಗಿಯದೆ ಬೀದಿಯ ಮಕ್ಕಳಿಗೆಲ್ಲ ಹಂಚುತ್ತಿದ್ದರು.

"ಯಾಕೆ ಮೇಷ್ಟ್ರೇ ಅಷ್ಟು ಕಷ್ಟಪಡ್ತಿದ್ರಿ? ಎಲ್ಲರ ಹಾಗೆ ಜೂನ್ ಒಂದು ಬರೆದಿದ್ರೆ ಆಗ್ತಿತ್ತಲ್ಲ?" ಒಮ್ಮೆ ಕೇಳಿದೆ. ಅವರು ಡಬ್ಬಿ ತೆಗೆದು ಒಂದು ಚಿಟಿಕೆ ನಶ್ಯ ಏರಿಸಿ, ಕರವಸ್ತ್ರದಲ್ಲಿ ಮೂಗು ಮುಚ್ಚಿಕೊಂಡರು.

ಆಮೇಲೆ ಅದೊಂದು ಪರಿಪಾಠವಾಯಿತು. ಸಂಜೆ ಕಾಫಿಯ ಹೊತ್ತಿಗೆ ಅವರು ಜಗುಲಿಯ ಮೇಲೆ ಬಂದು ಕೂರುವುದು, ನಾನು ಹೊಸ್ತಿಲ ಬಳಿ ತರಕಾರಿ ಹೆಚ್ಚುತ್ತಾ ಆ ದಿನದ ಹಾಳೆ ಓದಿ ಕನ್ನಡದಲ್ಲಿ ಹೇಳುವುದು, ಅವರು ಚಿಟಿಕೆ ನಶ್ಯ ಹಿಡಿದೇ ಹಾಳೆಯ ಮೇಲೆ ಬಗ್ಗಿ ನೋಡುವುದು. ಇಂಗ್ಲಿಷ್ ಅವರಿಗೂ ಬರುತ್ತಿತ್ತು, ಆದರೆ ಅಕ್ಷರ ಸಣ್ಣ; ಮತ್ತೆ ಯಾರಾದರೂ ಓದಿ ಹೇಳುವುದರ ಸುಖವೇ ಬೇರೆ ಎನ್ನುತ್ತಿದ್ದರು. ಹೊಸದಾಗಿ ಮದುವೆಯಾಗಿ ಬಂದ ನನಗೂ ಅದು ಬೇಕಾಗಿತ್ತು ಎಂದು ಈಗ ಅನಿಸುತ್ತದೆ. ಆ ಬೀದಿಯಲ್ಲಿ ನನ್ನ ಕಾನ್ವೆಂಟಿನ ಓದಿನ ಬಗ್ಗೆ ಏನಾದರೂ ಕೇಳುತ್ತಿದ್ದವರು ಅವರೊಬ್ಬರೇ.

ಏಪ್ರಿಲ್ ಹದಿನೈದರ ಹಾಳೆ ಓದಿದ ಸಂಜೆ ನನಗೆ ಚೆನ್ನಾಗಿ ನೆನಪಿದೆ. ಮುಳುಗುವುದೇ ಇಲ್ಲ ಎಂದು ಕೊಚ್ಚಿಕೊಂಡ ದೊಡ್ಡ ಹಡಗು ಮಂಜುಗಡ್ಡೆಗೆ ಬಡಿದು ಮುಳುಗಿದ ದಿನ ಅದು. ಅದೇ ಹಾಳೆಯ ಮೇಲ್ಭಾಗದಲ್ಲಿ, ನೂರಾರು ವರ್ಷ ಹಿಂದೆ, ಇಟಲಿಯಲ್ಲಿ ಒಬ್ಬ ಮಹಾ ಚಿತ್ರಕಾರ ಹುಟ್ಟಿದ್ದ. ಮೇಷ್ಟ್ರ ಕಾಫಿ ಆರಿ ಕೆನೆ ಕಟ್ಟಿತು.

"ದಿನಕ್ಕೇನ್ ಗೊತ್ತು ಅಮ್ಮಣ್ಣಿ," ಅಂದರು ಕೊನೆಗೆ. "ನಮ್ಮ ಸಂತೆಮಾಳ ಇದ್ದಂಗೆ. ಬಂದೋರ್ಗೆಲ್ಲಾ ಜಾಗ ಕೊಡ್ತದೆ. ಅಳೋರು ಒಂದ್ ಕಡೆ, ನಗೋರು ಒಂದ್ ಕಡೆ."

ಆ ಮಾತಿಗೆ ಪರೀಕ್ಷೆ ಬಂದದ್ದು ಮುಂದಿನ ತಿಂಗಳು.

ಮೇ ತಿಂಗಳ ಮೊದಲ ವಾರ. ಮಧ್ಯಾಹ್ನದ ಬಿಸಿಲಲ್ಲಿ ತಾಯಿ ಮಗಳು ಇಬ್ಬರು ಮೇಷ್ಟ್ರ ಮನೆ ಹುಡುಕಿಕೊಂಡು ಬಂದರು. ಬಾಗಿಲು ಹಾಕಿತ್ತು, ಮೇಷ್ಟ್ರು ನಮ್ಮ ಜಗುಲಿಯಲ್ಲಿದ್ದರು. ಹಾಗಾಗಿ ನಡೆದದ್ದೆಲ್ಲ ನನ್ನ ಕಣ್ಣೆದುರೇ ನಡೆಯಿತು. ಅರಕೆರೆಯಿಂದ ಬಂದವರು. ಅಲ್ಲಿಂದ ಶ್ರೀರಂಗಪಟ್ಟಣ, ಅಲ್ಲಿಂದ ಪಾಂಡವಪುರ, ಅಲ್ಲಿಂದ ನಮ್ಮೂರು, ಹೀಗೆ ಬಸ್ಸು ಬದಲಾಯಿಸಿ ಬದಲಾಯಿಸಿ ಬಂದು ತಾಯಿಯ ಮುಖ ಕೆಂಪಾಗಿತ್ತು. ಮಗಳು ಅಂಗನವಾಡಿಯಲ್ಲಿ ಟೀಚರು. ಕೈಯಲ್ಲಿ ಬಾಳೆಹಣ್ಣಿನ ಚೀಲವಿತ್ತು. ಅದನ್ನು ಕೆಳಗಿಡಬೇಕೋ ಕೊಡಬೇಕೋ ತಿಳಿಯದೆ ಹಿಡಿದೇ ನಿಂತಿದ್ದಳು.

"ನೀನು ಮೇ ನಾಲ್ಕು ಅಲ್ವೇನವ್ವ?" ಎಂದರು ಮೇಷ್ಟ್ರು, ಮುಖ ಅರಳಿಸಿ. ಅರಕೆರೆ ಶಾಲೆಯಲ್ಲಿದ್ದಾಗ ಸೇರಿಸಿಕೊಂಡ ಹುಡುಗಿ. ಹೆಸರಿಗಿಂತ ಮೊದಲು ಅವರಿಗೆ ದಿನವೇ ನೆನಪಾಗುತ್ತಿತ್ತು.

"ಅದ್ನೇ ಕೇಳಾಕ್ ಬಂದೀವ್ನಿ ಮೇಷ್ಟ್ರೇ," ಎಂದಳು ತಾಯಿ. ನೀರು ಕುಡಿಯಲಿಲ್ಲ, ಕೂರಲಿಲ್ಲ. "ಪ್ರಪಂಚದಾಗೆ ಬ್ಯಾರೆ ದಿನವೇ ಸಿಗ್ಲಿಲ್ವಾ ನಿಮ್ಗೆ? ಪಟ್ಟಣದ ಕೋಟೆ ಬಿದ್ದ ದಿನವಂತೆ, ಸುಲ್ತಾನ ಸತ್ತ ದಿನವಂತೆ. ಹೋಗಿ ಹೋಗಿ ಅದ್ನ ನನ್ ಮಗಳ ತಲೆಗೆ ಕಟ್ಬುಟ್ರಲ್ಲ!"

ವಿಷಯ ಹೀಗಿತ್ತು. ನಾಗಮಂಗಲದ ಕಡೆಯ ಒಂದು ಹಳ್ಳಿಯಿಂದ ಸಂಬಂಧ ಬಂದಿತ್ತು. ಹುಡುಗ ಬಂದು ನೋಡಿದ್ದ. ಒಪ್ಪಿದ್ದ. ಹುಡುಗಿಗೂ ಮನಸ್ಸಾಗಿತ್ತು, ಅದನ್ನು ಯಾರೂ ಹೇಳಲಿಲ್ಲ, ಆದರೆ ಹುಡುಗನ ಊರಿನ ಹೆಸರು ಬಂದಾಗಲೆಲ್ಲ ಅವಳು ಚೀಲದ ಹಿಡಿಯನ್ನು ಬೆರಳಿಗೆ ಸುತ್ತಿ ಬಿಚ್ಚಿ ಮಾಡುತ್ತಿದ್ದದ್ದನ್ನು ನಾನು ನೋಡಿದೆ. ಹುಡುಗನ ಮನೆಯವರು ಜಾತಕ ಕೇಳಿದರು. ಇವರ ಮನೆಯಲ್ಲಿ ಜಾತಕ ಎಲ್ಲಿಂದ ಬರಬೇಕು? ಶಾಲೆಯ ಟಿ.ಸಿ.ಯಲ್ಲಿದ್ದ ತಾರೀಖನ್ನೇ ಕೊಟ್ಟು ಜೋಯಿಸರ ಹತ್ತಿರ ಹೊಸದಾಗಿ ಬರೆಸಿದರು. ಜೋಯಿಸರು ಕುಜದೋಷ ಎಂದರು. ಸಾಲದ್ದಕ್ಕೆ, ಆ ತಾರೀಖು ಕೋಟೆ ಬಿದ್ದ ತಾರೀಖು ಎಂಬುದನ್ನೂ ಅವರೇ ನೆನಪಿಸಿದರು. ಹುಡುಗನ ಕಡೆಯವರು ಹಿಂದೆ ಸರಿದರು. ಹಿಂದೆ ಬಂದಿದ್ದ ಇನ್ನೊಂದು ಸಂಬಂಧವೂ ಜಾತಕವಿಲ್ಲವೆಂದೇ ತಪ್ಪಿತ್ತಂತೆ.

ಮೇಷ್ಟ್ರು ಒಂದು ಇತಿಹಾಸದ ಪುಸ್ತಕದಿಂದ ಆರಿಸಿ ಬರೆದ ದಿನ. ಅದಕ್ಕೆ ಗ್ರಹಗಳು ಬಂದು ಕೂತಿದ್ದವು!

"ಸುಲ್ತಾನ ಓಡೋಗದೆ ನಿಂತ ದಿನ ಅಂತ ಕೊಟ್ಟೆ ಕಣವ್ವ," ಎಂದರು ಮೇಷ್ಟ್ರು, ಬಹಳ ಮೆಲ್ಲಗೆ. "ಈ ಮಗು ಸೇರಿದ್ ದಿನ ಅಳ್ಲಿಲ್ಲ. ಮಿಕ್ಕಿದ್ ಮಕ್ಕಳೆಲ್ಲಾ ಸೆರಗ್ ಹಿಡ್ಕಂಡ್ ಅಳೋವು. ಇವಳು ನಿಂತಿದ್ಲು."

"ನಿಂತೇ ಅವ್ಳೆ ಇನ್ನೂವೆ," ಎಂದಳು ತಾಯಿ. "ಮದ್ವೆ ಆಗ್ದೆ."

ಆ ಮಾತಿಗೆ ಯಾರೂ ನಗಲಿಲ್ಲ. ಹುಡುಗಿ ತಲೆ ತಗ್ಗಿಸಿ, "ಸುಮ್ಕಿರವ್ವ," ಎಂದಳು. ಹಣ್ಣಿನ ಚೀಲವನ್ನು ಮೆಲ್ಲನೆ ಜಗುಲಿಯ ಅಂಚಿನ ಮೇಲಿಟ್ಟಳು. ಅಷ್ಟು ಬೇಸರದಲ್ಲೂ ಹಣ್ಣು ತರುವುದನ್ನು ಮರೆತಿರಲಿಲ್ಲ.

ಅವರಿಗೆ ಊಟ ಮಾಡಿಸಿ ಬಸ್ಸು ಹತ್ತಿಸಿ ಬಂದ ಮೇಷ್ಟ್ರು ನೇರ ನಮ್ಮ ಮನೆಗೆ ಬಂದರು. "ಅಮ್ಮಣ್ಣಿ, ಮೇ ನಾಲ್ಕು ತೆಗಿ. ಆ ದಿನ ಏನಾರ ಒಳ್ಳೇದು ಆಗಿರ್ಲೇಬೇಕು."

ನಾವು ಹುಡುಕಿದೆವು. ಹಾಳೆಯ ಮೇಲ್ಭಾಗದಲ್ಲೇ ಕೋಟೆ ಬಿದ್ದದ್ದಿತ್ತು. ನಮ್ಮ ಶ್ರೀರಂಗಪಟ್ಟಣದ ಹೆಸರು ಆ ಇಂಗ್ಲಿಷ್ ಪುಸ್ತಕದಲ್ಲಿ ಬಂದಿದ್ದಕ್ಕೆ ಬೇರೆ ದಿನವಾಗಿದ್ದರೆ ನಾನು ಹಿಗ್ಗುತ್ತಿದ್ದೆ. ಕೆಳಗೆ ಕೆಳಗೆ ಬೆರಳಿಟ್ಟುಕೊಂಡು ಹೋದೆ. ಪನಾಮಾದಲ್ಲಿ, ಎರಡು ಸಮುದ್ರಗಳನ್ನು ಸೇರಿಸುವ ಕಾಲುವೆಯ ಕೆಲಸವನ್ನು ಅಮೆರಿಕದವರು ಕೈಗೆತ್ತಿಕೊಂಡ ದಿನ. "ನಾಲೆ!" ಎಂದು ಮೇಷ್ಟ್ರು ತೊಡೆ ತಟ್ಟಿದರು. "ಅರಕೆರೆ ಮಗೂಗೆ ನಾಲೇಗಿಂತ ಒಳ್ಳೇದು ಏನ್ ಬೇಕು?" ಇನ್ನೂ ಕೆಳಗೆ, ಇಂಗ್ಲೆಂಡಿನಲ್ಲಿ ಮೊದಲ ಸಲ ಒಬ್ಬ ಹೆಂಗಸು ಪ್ರಧಾನಿಯಾದ ದಿನ. ಅವರ ತಂದೆ ದಿನಸಿ ಅಂಗಡಿ ಇಟ್ಟುಕೊಂಡಿದ್ದವರು ಎಂದು ನಮ್ಮ ಸಿಸ್ಟರ್ ತರಗತಿಯಲ್ಲಿ ಹೇಳಿದ್ದು ನನಗೆ ನೆನಪಿತ್ತು, ಅದನ್ನೂ ಹೇಳಿದೆ. ಮೇಷ್ಟ್ರು ಎದ್ದು ಜಗುಲಿಯಲ್ಲೇ ಅತ್ತಿತ್ತ ಓಡಾಡಿದರು. ಕೋಟೆ ಒಡೆದವರ ಊರಲ್ಲೇ, ಅದೇ ತಾರೀಖಿಗೆ, ಅಂಗಡಿಯವನ ಮಗಳು ಹೋಗಿ ಗದ್ದುಗೆ ಮೇಲೆ ಕೂತಳಲ್ಲ ಎಂದು ಅವರಿಗೆ ಸಂತೋಷ. ಆವತ್ತು ಹಾಳೆಯ ಮೇಲೆ ಬಿದ್ದಷ್ಟು ನಶ್ಯ ಇನ್ನಾವತ್ತೂ ಬಿದ್ದಿರಲಾರದು.

ಹುಡುಗನ ಮನೆಗೆ ಹೋಗಿ ಇದನ್ನೆಲ್ಲ ಹೇಳುತ್ತೇನೆ ಎಂದು ಹೊರಟರು. ನನಗೆ ಒಳಗೊಳಗೇ ಅಳುಕು. ಕುಜನಿಗೂ ಪನಾಮಾ ಕಾಲುವೆಗೂ ಏನು ಸಂಬಂಧ? ಆದರೆ ಅವರ ಮುಖ ನೋಡಿ ಹೇಳಲಾಗಲಿಲ್ಲ. "ನೀನೂ ಬಾ ಅಮ್ಮಣ್ಣಿ, ಹೆಂಗಸ್ರ ಕೂಡೆ ಮಾತಾಡಾಕೆ ಯಾರಾರ ಬೇಕು," ಎಂದರು. ಅತ್ತೆಯೇ ಮುಂದಾಗಿ ನನ್ನನ್ನು ಕಳಿಸಿದರು: "ಹೋಗವ್ವ. ನಿನ್ ಪಂಚಾಂಗದಿಂದ ಒಂದ್ ಮದ್ವೆ ಆದ್ರೆ ಪುಣ್ಯ."

ಹುಡುಗನದು ತೊಟ್ಟಿಮನೆ; ನಡುವಂಗಳದ ತೊಟ್ಟಿ ತುಂಬ ಜನವಿದ್ದರು. ಅಜ್ಜ, ಅಜ್ಜಿ, ದೊಡ್ಡಪ್ಪ, ಚಿಕ್ಕಪ್ಪ, ಅವರ ಮಕ್ಕಳು. ಅರಕೆರೆಯ ತಾಯಿ ಮಗಳಿಗೂ ಮೇಷ್ಟ್ರು ಬರಹೇಳಿದ್ದರು. ಅವರು ಬಾಗಿಲ ಪಕ್ಕ ಚಾಪೆಯ ಮೇಲೆ ಕೂತಿದ್ದರು, ಕರೆಯದ ಮನೆಗೆ ಬಂದವರ ಹಾಗೆ. ಹುಡುಗ ಕಂಬಕ್ಕೆ ಒರಗಿ ನಿಂತಿದ್ದ. ಅವಳ ಕಡೆ ನೋಡದಿರಲು ಬಹಳ ಪ್ರಯತ್ನಪಡುತ್ತಿದ್ದ.

ಮೇಷ್ಟ್ರು ಮಜ್ಜಿಗೆ ಕುಡಿದು, ಗಂಟಲು ಸರಿಮಾಡಿಕೊಂಡು, ಪಾಠ ಶುರುಮಾಡಿದರು. ಪನಾಮಾ ಎಲ್ಲಿದೆ, ಅಲ್ಲಿ ಹೇಗೆ ಗುಡ್ಡ ಕಡಿದು ನಾಲೆ ತೆಗೆದರು, ಹಡಗುಗಳು ಹೇಗೆ ಈಗ ಸುತ್ತು ಹಾಕದೆ ಹೋಗುತ್ತವೆ, ಇಂಗ್ಲೆಂಡಿನಲ್ಲಿ ಅಂಗಡಿಯವನ ಮಗಳು ಹೇಗೆ ಪ್ರಧಾನಿಯಾದಳು... ಅಜ್ಜ ಕೊನೆಯವರೆಗೂ ಮರ್ಯಾದೆಯಿಂದ ಕೇಳಿದರು. ಆಮೇಲೆ ಎಲೆ ಅಡಿಕೆ ಒಂದು ದವಡೆಗೆ ತಳ್ಳಿಕೊಂಡು ಹೇಳಿದರು: "ಎಲ್ಲಾ ಸರಿ ಮೇಷ್ಟ್ರೇ. ಎಲ್ಲೋ ದೂರದಾಗೆ ನಾಲೆ ತೋಡುದ್ರೆ ಇಲ್ಲಿ ಕುಜ ಎದ್ದೋಯ್ತಾನಾ?"

ತೊಟ್ಟಿಯಲ್ಲಿ ನಗು ಎದ್ದಿತು. ಮೇಷ್ಟ್ರು ನಗಲಿಲ್ಲ. ಜೇಬಿನಿಂದ ನಶ್ಯದ ಡಬ್ಬಿ ತೆಗೆದರು, ತೆರೆಯಲಿಲ್ಲ, ಅಂಗೈಯಲ್ಲಿಟ್ಟುಕೊಂಡು ಅದನ್ನೇ ನೋಡಿದರು. ಆಗ ನನಗೆ ಗೊತ್ತಾಯಿತು, ಅವರ ಹತ್ತಿರ ಇನ್ನೊಂದು ಮಾತು ಮೊದಲಿನಿಂದಲೂ ಇತ್ತು, ಅದನ್ನು ಹೇಳಬೇಕಾಗಿ ಬಾರದಿರಲಿ ಎಂದೇ ಇಷ್ಟೆಲ್ಲ ಹುಡುಕಿದ್ದರು ಎಂದು. ಆ ಮಾತು ಹೇಳಿದರೆ ಈ ಹುಡುಗಿಯ ದಿನ ಒಂದೇ ಅಲ್ಲ, ಅವರು ಹಂಚಿದ ದಿನಗಳೆಲ್ಲ ಹೋಗುತ್ತಿದ್ದವು.

"ಯಜಮಾನ್ರೇ, ಈ ಮಗು ಮೇ ನಾಲ್ಕಕ್ಕೆ ಉಟ್ಟೇ ಇಲ್ಲ," ಎಂದರು. "ಆ ದಿನ ನಾನು ಬರೆದಿದ್ದು. ನನ್ನ ಮನ್ಸಿಗೆ ಬಂದಿದ್ದು. ನಾನು ಸೇರಿಸ್ಕಂಡ ಮಕ್ಕಳಿಗೆಲ್ಲಾ ಅಂಗೇ ಬರದೀನಿ. ಅದರ ಮೇಲೆ ಜಾತಕ ಬರಸುದ್ರೆ ಅದರಾಗಿರೋ ದೋಸ ನಂದು, ಅವಳ್ದಲ್ಲ."

ಹೊರಗೆ ಎಮ್ಮೆ ಸರಪಳಿ ಎಳೆದ ಸದ್ದು ಕೇಳುತ್ತಿತ್ತು. "ಅಂದ್ರೆ ಸುಳ್ಳು ಬರುದ್ರಾ?" ಎಂದ ಚಿಕ್ಕಪ್ಪ. ಮೇಷ್ಟ್ರ ಕಿವಿ ಕೆಂಪಾದದ್ದು ನಾನು ಕೂತಲ್ಲಿಗೆ ಕಾಣುತ್ತಿತ್ತು.

ಆಮೇಲೆ ಅವರು ಎದ್ದು ನಿಂತರು. ಎಷ್ಟೋ ವರ್ಷದ ಹಿಂದಿನ ಹೆಡ್‌ಮಾಸ್ಟರ್ ಎದ್ದು ನಿಂತ ಹಾಗಿತ್ತು. ತರಗತಿಯ ಧ್ವನಿಯಲ್ಲಿ ಕೇಳಿದರು: "ಈ ಮನೇಲಿ ಜೂನ್ ಒಂದಕ್ಕೆ ಉಟ್ಟಿರೋರು ಯಾರ್ಯಾರು? ಕೈ ಎತ್ತಿ."

ಎಲ್ಲರಿಗಿಂತ ಮೊದಲು ಅವರೇ ತಮ್ಮ ಕೈ ಎತ್ತಿದರು.

ಮೂಲೆಯಲ್ಲಿದ್ದ ದೊಡ್ಡಪ್ಪನ ಕೈ ಮೆಲ್ಲಗೆ ಮೇಲೆದ್ದಿತು. ಅವರ ಮಗನದು ಎದ್ದಿತು. ಸುಳ್ಳು ಬರೆದಿರಾ ಎಂದು ಕೇಳಿದ ಚಿಕ್ಕಪ್ಪ ಸುತ್ತ ನೋಡಿ, ಕತ್ತು ಕೆರೆದುಕೊಳ್ಳುವವನ ಹಾಗೆ ತನ್ನ ಕೈಯನ್ನೂ ಎತ್ತಿದ. ಕಂಬದ ಹತ್ತಿರ ಹುಡುಗನ ಕೈ ಎದ್ದಿತ್ತು.

"ಅಯ್ಯೋ ನಿಮ್ಮ, ಎಲ್ಲಾರ್ನೂ ಒಂದೇ ದಿನ ಹೆತ್ತಿದ್ನಾ ನಾನು?" ಎಂದರು ಒಳಬಾಗಿಲಲ್ಲಿ ಕೂತಿದ್ದ ಅಜ್ಜಿ. ತೊಟ್ಟಿ ನಗುವಿನಿಂದ ತುಂಬಿಹೋಯಿತು. "ಆ ದಿನಕ್ಕೆ ಇವನ್ ಜಾತಕ ಬರ್ಸಿ ಶುದ್ಧವಾಗೈತೆ ಅಂದ್ರಲ್ಲೋ. ನಾನ್ ಉಟ್ಟಿದ್ ದಿನ ಯಾವ ಮೇಷ್ಟ್ರೂ ಬರೀಲೇ ಇಲ್ಲ, ನಾನೇನ್ ಉಟ್ಟೇ ಇಲ್ವಾ?" ಆಮೇಲೆ ಅರಕೆರೆಯ ತಾಯಿಯ ಕಡೆ ತಿರುಗಿ, "ನೀ ಯೋಳವ್ವ, ದಿಟವಾಗ್ಲೂ ಯಾವಾಗ್ ಹೆತ್ತೆ ಮಗೀನ?" ಎಂದು ಕೇಳಿದರು.

"ಕಳೆ ಕೀಳಾ ಕಾಲ ಕಣವ್ವ," ಎಂದಳು ತಾಯಿ. ಬಂದಾಗಿನಿಂದ ಅವಳು ಆಡಿದ ಮೊದಲ ಮಾತು. "ಗದ್ದೇಲೇ ನೋವು ಬಂತು. ಬದೂನ್ ಮ್ಯಾಲೆ ಕುಂತ್ಕಂಡೆ. ತಾರೀಕು ನೋಡಾಕೆ ಪುರ್ಸೊತ್ತೆಲ್ಲಿತ್ತು?"

ಅಜ್ಜಿ ಎದ್ದು ಬಂದು ಚಾಪೆಯ ಮೇಲೆ ಅವಳ ಪಕ್ಕದಲ್ಲಿ ಕೂತುಬಿಟ್ಟರು. ಆಗಲೇ ಎಲ್ಲ ಇತ್ಯರ್ಥವಾಯಿತು ಎನ್ನಬೇಕು. ಅಜ್ಜ ಎಲೆ ಅಡಿಕೆ ಉಗುಳಿ ಬಂದು, "ಹೆಸ್ರು ಬಲದ ಮ್ಯಾಲೆ ನೋಡ್ಸುದ್ರಾಯ್ತು ಬುಡಿ, ಜಾತಕ ಗೀತಕ ಬ್ಯಾಡ," ಎಂದರು. ತಾರೀಖು ಗೊತ್ತಿಲ್ಲದವರು ಹೆಸರಿನ ಮೊದಲ ಅಕ್ಷರದಿಂದ ನೋಡಿಸುವುದು ನಮ್ಮ ಕಡೆ ಮೊದಲಿನಿಂದಲೂ ಇತ್ತಲ್ಲ. ಹುಡುಗ ಇನ್ನೂ ಕೈ ಎತ್ತಿಕೊಂಡೇ ನಿಂತಿದ್ದ. "ಕೈ ಇಳಿಸ್ಲಾ, ಆಯ್ತು," ಎಂದರು ಅಜ್ಜ.

ಬಸ್ಸಿಗೆ ಕಾಯುವಾಗ ಹುಣಸೆ ಮರದ ನೆರಳಲ್ಲಿ ಮೇಷ್ಟ್ರು ಹುಡುಗಿಯನ್ನು ಕೇಳಿದರು. ಟಿ.ಸಿ.ಯಲ್ಲಿರುವುದನ್ನು ಬದಲಿಸಲು ಆಗುವುದಿಲ್ಲ, ಆದರೆ ಮನೆಯ ಮಟ್ಟಿಗೆ ಬೇರೆ ದಿನ ಇಟ್ಟುಕೊಳ್ಳಬಹುದು, ಯಾವುದು ಬೇಕು ಹೇಳವ್ವ, ಹುಡುಕಿ ಕೊಡುತ್ತೇನೆ ಎಂದರು. ಅವಳು ತಲೆ ಅಲ್ಲಾಡಿಸಿದಳು.

"ಬ್ಯಾಡಿ ಸಾ. ಅದೇ ಇರ್ಲಿ. ಕೋಟೆ ಬಿದ್ದದ್ದೂ ಅಲ್ಲೈತೆ, ನಾಲೆ ಸುರುವಾದದ್ದೂ ಅಲ್ಲೈತೆ, ಆ ಅಂಗಡಿಯವನ ಮಗಳೂ ಅವ್ಳೆ... ನಂಗೂ ವಸಿ ಜಾಗ ಇರ್ತದೆ."

ಸಂತೆಮಾಳದ ಮಾತನ್ನು ಅವಳಿಗೆ ಮೇಷ್ಟ್ರು ಹೇಳಿರಲಿಲ್ಲ. ನಾನೂ ಹೇಳಿರಲಿಲ್ಲ.

ಹಿಂದಿರುಗುವಾಗ ಬಸ್ಸಿನಲ್ಲಿ ಮೇಷ್ಟ್ರು, ಯಾಕೆ ಅಷ್ಟು ಕಷ್ಟಪಡುತ್ತಿದ್ದಿರಿ ಎಂದು ನಾನು ಹಿಂದೆ ಕೇಳಿದ್ದ ಪ್ರಶ್ನೆಗೆ ಉತ್ತರ ಹೇಳಿದರು, ಕಿಟಕಿಯ ಹೊರಗೆ ನೋಡುತ್ತಾ. ತಾವು ಓದಿದ ಶಾಲೆಯಲ್ಲಿ ಮಕ್ಕಳೆಲ್ಲ ಒಂದೇ ದಿನ ಹುಟ್ಟಿದವರಂತೆ. ಹಾಜರಿ ಕರೆಯುವಾಗ ಅಲ್ಲಿಯ ಮೇಷ್ಟ್ರಿಗೆ ಹೆಸರೂ ಸರಿಯಾಗಿ ನೆನಪಿರುತ್ತಿರಲಿಲ್ಲವಂತೆ. "ಒಬ್ಬೊಬ್ಬರಿಗೆ ಒಂದೊಂದು ದಿನನಾದ್ರೂ ಬ್ಯಾಡ್ವಾ ಅಮ್ಮಣ್ಣಿ... ಬ್ಯಾರೆ ಏನಿತ್ತು ನಂತಾವು ಕೊಡಾಕೆ?"

ಆದರೆ ಮೇಷ್ಟ್ರಿಗೆ ಹೆದರಿಕೆ ಇದ್ದೇ ಇತ್ತು. ನಾಗಮಂಗಲದ ತೊಟ್ಟಿಯಲ್ಲಿ ಆಡಿದ ಮಾತು ಊರಿಂದೂರಿಗೆ ಹೋಯಿತು. ದಿನಗಳನ್ನು ಸುಮ್ಮನೆ ಬರೆದುಕೊಂಡದ್ದಂತೆ, ಮೇಷ್ಟ್ರೇ ಒಪ್ಪಿಕೊಂಡರಂತೆ. ಮೇಷ್ಟ್ರು ಸಂಜೆ ನಮ್ಮ ಜಗುಲಿಗೆ ಬರುವುದನ್ನು ಬಿಟ್ಟರು. ಪಡಸಾಲೆಯ ಗೂಟದಲ್ಲಿದ್ದ ಕೊನೆಯ ಹಣ್ಣುಗಳು ಕಪ್ಪಾದವು. 'ಇನ್ನು ಬರುವವರು ಯಾರು' ಎಂದು ಅವರು ಬಾಯಿ ಬಿಟ್ಟು ಹೇಳಲಿಲ್ಲ. ತಮ್ಮ ಬಾಗಿಲಲ್ಲಿ ಕೂತು ಬೀದಿಯ ಕಡೆ ನೋಡುತ್ತಿರುತ್ತಿದ್ದರು, ಅಷ್ಟೇ.

ಮೇ ಇಪ್ಪತ್ತೊಂಬತ್ತು ಬಂತು. ಎವರೆಸ್ಟಿನ ದಿನ. ಮರ ಹತ್ತುತ್ತಿದ್ದ ಆ ಹುಡುಗ ಈಗ ಅಕ್ಕಿಹೆಬ್ಬಾಳಿನ ಕಡೆ ಕರೆಂಟು ಕಂಬ ಹತ್ತುವ ಲೈನ್‌ಮನ್. ಪ್ರತಿವರ್ಷ ಬೆಳಿಗ್ಗೆಯೇ ಬರುತ್ತಿದ್ದವನು. ಆವತ್ತು ಬೆಳಿಗ್ಗೆ ಬರಲಿಲ್ಲ. ಮಧ್ಯಾಹ್ನವೂ ಬರಲಿಲ್ಲ. ನಾನು ಒಣಗಿದ ಬಟ್ಟೆ ತೆಗೆಯುವ ನೆಪದಲ್ಲಿ ಎಷ್ಟು ಸಲ ಹೊರಗೆ ಬಂದೆನೋ. ಸಂಜೆ ಬಿಸಿಲು ಇಳಿಯುವಾಗ ಸೈಕಲ್ಲಿನ ಬೆಲ್ಲು ಕೇಳಿಸಿತು.

"ಎಲ್ಲೋ ತಂತಿ ಹರಿದೋಗಿತ್ತು ಸಾ, ಲೇಟಾಯ್ತು," ಎನ್ನುತ್ತಾ ಅವನು ಕ್ಯಾರಿಯರಿನಿಂದ ಬಾಳೆಹಣ್ಣು ಬಿಚ್ಚಿದ.

ಮೇಷ್ಟ್ರು ತೆಗೆದುಕೊಳ್ಳಲಿಲ್ಲ. "ವಿಸ್ಯ ಗೊತ್ತಾಗ್ಲಿಲ್ವೇನ್ಲಾ ನಿಂಗೆ?"

"ನಂಗೆ ಯಾವತ್ತೋ ಗೊತ್ತು ಸಾ. ನಮ್ಮವ್ವ ಯೋಳಿದ್ಲು, ನಾ ಉಟ್ಟಿದ್ದು ಚಳೀಲಂತೆ." ಅವನು ಒಳಗೆ ಹೋಗಿ ತಾನೇ ಗೂಟಕ್ಕೆ ಹಣ್ಣು ತೂಗಿಹಾಕಿದ, ಕಪ್ಪಾದದ್ದನ್ನು ತೆಗೆದ. "ಅದ್ಕೇನೀಗ? ಕಂಬ ಹತ್ತಾಗೆಲ್ಲಾ ನೆನಸ್ಕತೀನಿ, ಎವರೆಸ್ಟ್ ದಿನ ಕೊಟ್ಟವ್ರೆ ಮೇಷ್ಟ್ರು, ಕಾಲು ನಡುಗಿಸ್ಬಾರ್ದು ಅಂತ. ಅವ್ವ ಕೊಟ್ಟ ದಿನ ಅವ್ವಂಗೇ ಮರ್ತೋಗೈತೆ. ನೀವು ಕೊಟ್ಟಿದ್ದು ನೆಪ್ಪೈತಲ್ಲ."

ಮೇಷ್ಟ್ರು ಕರವಸ್ತ್ರ ತೆಗೆದು ಮೂಗು ಒರೆಸಿಕೊಂಡರು. ಆವತ್ತು ಅವರು ನಶ್ಯ ಹಾಕಿರಲಿಲ್ಲ. ಮಾರನೆಯ ಸಂಜೆ ಮತ್ತೆ ನಮ್ಮ ಜಗುಲಿಗೆ ಬಂದರು.

ಎಷ್ಟೋ ವರ್ಷ ಹಾಗೇ ನಡೆಯಿತು. ನನ್ನ ಮಕ್ಕಳು ಅವರ ಬಾಳೆಹಣ್ಣು ತಿಂದು ಬೆಳೆದರು. ಒಮ್ಮೆ ನಾನೇ ಅಂದೆ: ಮೇಷ್ಟ್ರೇ, ಜೂನ್ ಒಂದು ಬಿಡಿ, ನಿಮಗೂ ಈ ಪುಸ್ತಕದಿಂದ ಒಂದು ಒಳ್ಳೆಯ ದಿನ ಆರಿಸೋಣ, ಆ ದಿನ ನಾನು ಪಾಯಸ ಮಾಡುತ್ತೇನೆ ಎಂದು. ಅವರು ನಕ್ಕುಬಿಟ್ಟರು. "ಚೆನ್ನಾಗಿದ್ ದಿನವೆಲ್ಲಾ ಮಕ್ಕಳಿಗೆ ಹಂಚ್ಬುಟ್ಟೆ ಕಣಮ್ಮಣ್ಣಿ. ನಂಗೇನೂ ಉಳ್ದಿಲ್ಲ."

ಅವರು ಹೋದ ದಿನ... ಬೇಸಿಗೆಯಲ್ಲ ಅದು. ಯಾರ ದಿನವೂ ಅಲ್ಲ. ಬೆಳಿಗ್ಗೆ ಹಾಲು ತರಲು ಬಾಗಿಲು ತೆರೆದಾಗ ಅವರ ಚಪ್ಪಲಿ ಎಂದಿನಂತೆ ಬೀದಿಯ ಕಡೆ ಮುಖ ಮಾಡಿ ಜೋಡಿಸಿತ್ತು, ತಂಗಿಯ ಅಳು ಕೇಳಿಸಿತು. ಮಧ್ಯಾಹ್ನದ ಹೊತ್ತಿಗೆ ಬಸ್ಸುಗಳಿಂದ, ಸೈಕಲ್ಲುಗಳಿಂದ, ಟ್ರಾಕ್ಟರಿನಿಂದ ಇಳಿದು ಬಂದರು. ಎವರೆಸ್ಟಿನವನು ಬಂದ, ದಂಗೆಯವನು ಬಂದ, ಆಕಾಶದವಳು ಬಂದಳು. ಮೇ ನಾಲ್ಕರವಳು ನಾಗಮಂಗಲದಿಂದ ಗಂಡನ ಜೊತೆ, ಮಗಳ ಕೈ ಹಿಡಿದುಕೊಂಡು ಬಂದಳು. ಅವರವರ ದಿನಕ್ಕೆ ಒಬ್ಬೊಬ್ಬರೇ ಬರುತ್ತಿದ್ದವರು, ಒಬ್ಬರನ್ನೊಬ್ಬರು ಆ ಮನೆಯಲ್ಲಿ ಆವರೆಗೆ ನೋಡಿಯೇ ಇರಲಿಲ್ಲ. ಬೇರೆ ಬೇರೆ ದಿನ ಕೊಡಲು ಅಷ್ಟು ಪಾಡುಪಟ್ಟ ಮೇಷ್ಟ್ರ ಮಕ್ಕಳೆಲ್ಲ ಕೊನೆಗೆ ಒಂದೇ ದಿನ ಬಂದುಬಿಟ್ಟರು.

ಈಗ ಎದುರು ಮನೆಯಲ್ಲಿ ಬೇರೆಯವರಿದ್ದಾರೆ. ಗೂಟದಲ್ಲಿ ಹೆಲ್ಮೆಟ್ ತೂಗುತ್ತದೆ. ಮೇ ನಾಲ್ಕರವಳು ಪ್ರತಿವರ್ಷ ಆ ದಿನ ನನಗೆ ಫೋನು ಮಾಡುತ್ತಾಳೆ, ಹಣ್ಣು ಯಾರಿಗೆ ಕೊಡಲಿ ಅಕ್ಕ ಎನ್ನುತ್ತಾಳೆ. ಅವಳ ಮಗಳು ಆಸ್ಪತ್ರೆಯಲ್ಲಿ ಹುಟ್ಟಿದವಳು. ತಾರೀಖಿನ ಜೊತೆ ಗಂಟೆ ನಿಮಿಷವೂ ಸರ್ಟಿಫಿಕೇಟಿನಲ್ಲಿದೆ.

ಸ್ಟೂಲಿನ ಮೇಲೆ ಕೂತವಳು ಅವರು ಹೋದ ತಾರೀಖಿನ ಹಾಳೆ ತೆರೆದೆ. ಯಾವ ಯಾವುದೋ ದೇಶದ ಸಂಗತಿಗಳು. ಕೊನೆಯ ಸಾಲಿನ ಕೆಳಗೆ ಬಿಳಿಯ ಜಾಗವಿತ್ತು. ನನಗೇನೂ ಉಳಿದಿಲ್ಲ ಎಂದಿದ್ದವರಿಗೆ ಅಂತೂ ಒಂದು ದಿನ ಸಿಕ್ಕಿತು, ಯಾರಿಗೂ ಬೇಡವಾಗಿದ್ದ ರೀತಿಯಲ್ಲಿ. ಅಲ್ಲಿ ಬರೆಯೋಣ ಎಂದು ಪೆನ್ನು ತಂದೆ. ದುಂಡಗಿನ ಅಕ್ಷರಕ್ಕೆ ಬಹುಮಾನವಾಗಿ ಬಂದ ಪುಸ್ತಕ, ಬರೆದಿದ್ದರೆ ಚೆನ್ನಾಗಿಯೇ ಕಾಣುತ್ತಿತ್ತು. ಆದರೆ ಹಾಳೆಯ ಮಡಿಕೆಯಲ್ಲಿ ಕಂದು ಪುಡಿ ಕೂತಿದ್ದು ಕಂಡಿತು, ಸಾಸಿವೆಯಷ್ಟು. ಆ ಹಾಳೆಯನ್ನೂ ಅವರು ಯಾವತ್ತೋ ಒಂದು ಸಂಜೆ, ಅದು ತಮ್ಮ ದಿನವಾಗುತ್ತದೆಂದು ತಿಳಿಯದೆ, ಕಾಫಿ ಕುಡಿಯುತ್ತಾ ಕೇಳಿದ್ದರಲ್ಲ...

ಪೆನ್ನಿನ ಮುಚ್ಚಳ ಹಾಕಿದೆ. ಪುಸ್ತಕದ ರಟ್ಟನ್ನು ಮಾತ್ರ ಒರೆಸಿದೆ. ಒಳಗೆ ಒರೆಸಲಿಲ್ಲ.